ಜಾನ್ ಬನ್ಯನ್‌ನ 'ಗ್ರೇಸ್ ಅಬೌಂಡಿಂಗ್': ದೊಡ್ಡ ಪುಸ್ತಕಕ್ಕೆ ಕೈ ಹಾಕೋ ಮೊದಲು ಈ ಸಣ್ಣದನ್ನ ಓದಿ

ಬನ್ಯನ್ 17ನೇ ಶತಮಾನದ ಇಂಗ್ಲಿಷ್ ಬೋಧಕ, ಲೇಖಕ. ಅವನ ಹೆಸರು ಅಂದ ತಕ್ಷಣ ಎಲ್ಲರೂ ಹೇಳೋದು 'ಪಿಲ್ಗ್ರಿಮ್ಸ್ ಪ್ರೋಗ್ರೆಸ್' ಬಗ್ಗೆ, ಸ್ವರ್ಗಕ್ಕೆ ಹೊರಟ ಯಾತ್ರಿಕನ ರೂಪಕಕಥೆ ಅದು. ನಮ್ಮ ಕನ್ನಡಕ್ಕೂ ಅದು 'ಯಾತ್ರಿಕನ ಸಂಚಾರ' ಅಂತ 19ನೇ ಶತಮಾನದಲ್ಲೇ ಬಂದಿದೆ, ಬಾಸೆಲ್ ಮಿಶನ್‌ನೋರು ತಂದಿದ್ದು, ಕನ್ನಡ ಕಾದಂಬರಿ ಎಲ್ಲಿಂದ ಶುರುವಾಯ್ತು ಅನ್ನೋ ಚರ್ಚೆಲೂ ಅದರ ಹೆಸರು ಬರುತ್ತೆ. ಆದ್ರೆ ನಾನು ಹೇಳೋಕೆ ಹೊರಟಿರೋದು ಅದಕ್ಕೂ 12 ವರ್ಷ ಮುಂಚೆ, 1666ರಲ್ಲಿ, ಅವನು ಜೈಲಲ್ಲಿದ್ದಾಗಲೇ ಹೊರಬಂದ ತನ್ನ ಸ್ವಂತ ಕಥೆ ಬಗ್ಗೆ. ಪೂರ್ತಿ ಹೆಸರು 'ಗ್ರೇಸ್ ಅಬೌಂಡಿಂಗ್ ಟು ದ ಚೀಫ್ ಆಫ್ ಸಿನ್ನರ್ಸ್', ಅಂದ್ರೆ ಪಾಪಿಗಳಲ್ಲೆಲ್ಲ ಮೊದಲನೇ ಪಾಪಿಗೂ ಉಕ್ಕಿ ಬಂದ ಕೃಪೆ. ದಾಸರ ಪದ ಕೇಳ್ಕೊಂಡು ಬೆಳೆದೋರಿಗೆ ಈ ತಲೆಬರಹ ಏನೂ ಹೊಸದು ಅನ್ಸಲ್ಲ. ಚಿಕ್ಕ ಪುಸ್ತಕ, ನಂಬರ್ ಹಾಕಿರೋ ಪುಟ್ಟ ಪುಟ್ಟ ಪ್ಯಾರಾಗಳು, ದಿನಕ್ಕೆ ಹತ್ತು ಪ್ಯಾರಾ ಓದಿದ್ರೂ ಒಂದು ತಿಂಗಳಲ್ಲಿ ಹೆಚ್ಚುಕಮ್ಮಿ ಮುಗಿಯುತ್ತೆ.

ನನಗೆ ಈ ಪುಸ್ತಕ ಸಿಕ್ಕಿದ್ದು ಹೆರಿಗೆ ಆಗಿ ಐದು ತಿಂಗಳಾದಾಗ. ನಾವಿರೋದು ಇಂಗ್ಲೆಂಡಿನ ಮಿಲ್ಟನ್ ಕೀನ್ಸ್‌ನಲ್ಲಿ, ಗಂಡ ಆಫೀಸಿಗೆ ಹೋದ್ಮೇಲೆ ಮನೇಲಿ ನಾನು ಮಗು ಇಬ್ರೇ. ಆಗ ಶುರುವಾಯ್ತು, ಮಗು ಎತ್ಕೊಂಡು ಮೆಟ್ಟಿಲು ಇಳಿಯೋವಾಗೆಲ್ಲ "ಕೈ ಬಿಟ್ಬಿಡು" ಅಂತ ತಲೆ ಒಳಗೆ ಒಂದು ಮಾತು. ಧ್ವನಿ ಅಲ್ಲ, ನನ್ನದೇ ಯೋಚನೆ, ಆದ್ರೆ ನನಗೆ ಬೇಡವಾದದ್ದು. ತರಕಾರಿ ಹೆಚ್ಚೋ ಚಾಕು ಕಂಡ್ರೆ ಭಯ, ಬಾತ್‌ಟಬ್ಬಲ್ಲಿ ನೀರು ತುಂಬಿಸೋಕೆ ಭಯ. ಯಾರಿಗೂ ಹೇಳ್ಲಿಲ್ಲ, ಹೇಳಿದ್ರೆ ಮಗೂನ ಕಿತ್ಕೊಂಡು ಹೋಗ್ತಾರೆ ಅನ್ಸಿತ್ತು, ಅಮ್ಮನಿಗೆ ಫೋನಲ್ಲಿ ಹೇಳೋಣ ಅಂದ್ರೆ ಅವರು ಶಿವಮೊಗ್ಗದಲ್ಲಿ ಕೂತು ನಿದ್ದೆ ಬಿಡ್ತಾರೆ. ಕೊನೆಗೆ ಮಗು ತೂಕ ನೋಡೋಕೆ ಬಂದ ಹೆಲ್ತ್ ವಿಸಿಟರ್, ಅಂದ್ರೆ ಮನೆಗೆ ಬರೋ ನರ್ಸ್, ನನ್ನ ಮುಖ ನೋಡಿ ಕೂರಿಸ್ಕೊಂಡು ಕೇಳಿದ್ರು, ನಾನು ಅತ್ಬಿಟ್ಟೆ. ಡಾಕ್ಟರ್ ಹತ್ರ ಹೋಗಿದ್ದು, ಚಿಕಿತ್ಸೆ, ಅದೆಲ್ಲ ಆಮೇಲೆ ನಡೀತು, ಅದರಿಂದಲೇ ನಾನು ಸುಧಾರಿಸ್ಕೊಂಡಿದ್ದು, ಇದನ್ನ ಮೊದಲೇ ಹೇಳ್ಬಿಡ್ತೀನಿ. ಆ ದಿನಗಳಲ್ಲಿ ಪಕ್ಕದ ಮನೆ ಅಜ್ಜಿ, ಪ್ರತಿ ಭಾನುವಾರ ಚಾಪೆಲ್‌ಗೆ ಹೋಗೋರು, ನನ್ನ ಕೈಗೆ ಈ ಪುಸ್ತಕ ಇಟ್ಟು 'ಇವನಿಗೂ ಹೀಗೇ ಆಗ್ತಿತ್ತಮ್ಮ' ಅಂದ್ರು, ಅಷ್ಟೇ.

ನಾನು ಕ್ರೈಸ್ತಳಲ್ಲ, ನಮ್ಮನೇಲಿ ಸಂಜೆ ಹೊತ್ತು ದೇವರಿಗೆ ದೀಪ ಹಚ್ಚಿ ನಾಲ್ಕು ಶ್ಲೋಕ ಹೇಳ್ಕೊಳ್ಳೋ ಪೈಕಿ. ಹಾಗಾಗಿ ಮೊದಲ ಇಪ್ಪತ್ತು ಪ್ಯಾರಾ ಸ್ವಲ್ಪ ದೂರದಿಂದಲೇ ಓದಿದೆ. 1628ರಲ್ಲಿ ಬೆಡ್‌ಫರ್ಡ್ ಪಕ್ಕದ ಎಲ್‌ಸ್ಟೋ ಅನ್ನೋ ಹಳ್ಳೀಲಿ ಹುಟ್ಟಿದೋನು, ಅಪ್ಪನೂ ಅವನೂ ಪಾತ್ರೆ ರಿಪೇರಿ ಮಾಡೋರು, ನಮ್ಮ ಬೀದೀಲಿ ಕಲಾಯಿ ಹಾಕೋರು ಬರ್ತಿದ್ರಲ್ಲ ಹಾಗೆ ಊರೂರು ತಿರುಗಿ ಮಾಡೋ ಕೆಲಸ. 16 ತುಂಬೋ ಹೊತ್ತಿಗೆ, 1644ರಲ್ಲಿ, ಜೂನ್‌ನಲ್ಲಿ ತಾಯಿ ಹೋದ್ಲು, ಜುಲೈನಲ್ಲಿ ತಂಗಿ ಹೋದ್ಲು, ಆಗಸ್ಟ್‌ನಲ್ಲಿ ಅಪ್ಪ ಇನ್ನೊಂದು ಮದುವೆ ಆದ. ಅದೇ ವರ್ಷ ಈ ಹುಡುಗ, ರಾಜನಿಗೂ ಪಾರ್ಲಿಮೆಂಟಿಗೂ ನಡೀತಿದ್ದ ಅಂತರ್ಯುದ್ಧದಲ್ಲಿ, ಪಾರ್ಲಿಮೆಂಟ್ ಕಡೆ ಸೈನ್ಯಕ್ಕೆ ಸೇರಿ ನ್ಯೂಪೋರ್ಟ್ ಪ್ಯಾಗ್ನಲ್ ಪಡೆಯಲ್ಲಿದ್ದ, ನಾವು ವಾರದ ಸಾಮಾನಿಗೆ ಹೋಗೋ ಊರು ಅದು! ಆಶ್ಚರ್ಯ ಅಂದ್ರೆ ತಾಯಿ ಸತ್ತಿದ್ದು, ಅಪ್ಪನ ಮದುವೆ ಇದ್ಯಾವುದನ್ನೂ ಅವನು ಪುಸ್ತಕದಲ್ಲಿ ಬರ್ದೇ ಇಲ್ಲ, ಚರಿತ್ರೆ ಬರೆದೋರು ಚರ್ಚ್ ರಿಜಿಸ್ಟರ್ ನೋಡಿ ಹೇಳ್ತಾರೆ. ಯುದ್ಧದ ಬಗ್ಗೆ ಬರ್ದಿರೋದೂ ಒಂದೇ ಘಟನೆ, ಮುತ್ತಿಗೆಗೆ ಇವನು ಹೋಗ್ಬೇಕಿತ್ತು, ಇನ್ನೊಬ್ಬ ನಾನು ಹೋಗ್ತೀನಿ ಅಂತ ಇವನ ಜಾಗಕ್ಕೆ ಹೋದ, ಕಾವಲು ನಿಂತಿದ್ದಾಗ ತಲೆಗೆ ಗುಂಡು ಬಿದ್ದು ಸತ್ತ. ಎರಡು ಸಾಲಲ್ಲಿ ಹೇಳಿ ಮುಂದೆ ಹೋಗ್ಬಿಡ್ತಾನೆ.

ಮದುವೆ ಬಗ್ಗೆ ಬರೆದಿರೋದು ಬಹಳ ಚೆನ್ನಾಗಿದೆ. ಗಂಡ ಹೆಂಡತಿ ಇಬ್ಬರ ನಡುವೆ ಒಂದು ತಟ್ಟೆ, ಒಂದು ಚಮಚ ಕೂಡ ಇರ್ಲಿಲ್ಲವಂತೆ. ಅವಳು ತವರಿಂದ ತಂದಿದ್ದು ಎರಡು ಪುಸ್ತಕ, ಅವಳ ಅಪ್ಪ ಸಾಯೋವಾಗ ಕೊಟ್ಟಿದ್ದು, ಎರಡೂ ದೇವರ ದಾರಿ ಬಗ್ಗೆ. ಇಷ್ಟೆಲ್ಲ ಬರೆದೋನು ಅವಳ ಹೆಸರು ಮಾತ್ರ ಎಲ್ಲೂ ಹೇಳಿಲ್ಲ. ಅವರ ಮೊದಲ ಮಗಳು ಮೇರಿ 1650ರಲ್ಲಿ ಹುಟ್ಟಿದ್ಲು, ಕಣ್ಣು ಕಾಣ್ತಿರ್ಲಿಲ್ಲ.

ಆಮೇಲೆ ಒಂದು ಭಾನುವಾರ ಊರ ಮೈದಾನದಲ್ಲಿ ಆಡ್ತಿರ್ತಾನೆ. ಆಟ ಯಾವುದು ಅಂತ ಕೆಳಗಿನ ಟಿಪ್ಪಣಿ ನೋಡಿದ್ರೆ, ಎರಡೂ ಕಡೆ ಚೂಪಿರೋ ಮರದ ತುಂಡನ್ನ ಕೋಲಲ್ಲಿ ಚಿಮ್ಮಿಸಿ ಹೊಡೆಯೋದು. ಅಯ್ಯೋ ಇದು ನಮ್ಮ ಚಿನ್ನಿದಾಂಡು! ಒಂದು ಏಟು ಹೊಡೆದಾಗಿದೆ, ಎರಡನೇ ಏಟಿಗೆ ಕೈ ಎತ್ತಿದಾನೆ, ಅಷ್ಟರಲ್ಲಿ ಪಾಪ ಬಿಟ್ಟು ಸ್ವರ್ಗಕ್ಕೆ ಹೋಗ್ತೀಯೋ, ಪಾಪ ಇಟ್ಕೊಂಡು ನರಕಕ್ಕೆ ಹೋಗ್ತೀಯೋ ಅಂತ ಮೇಲಿಂದ ಮನಸ್ಸಿನೊಳಗೆ ಒಂದು ಪ್ರಶ್ನೆ. ಚಿನ್ನಿ ನೆಲದ ಮೇಲೆ ಬಿಟ್ಟು ಆಕಾಶ ನೋಡ್ತಾ ನಿಂತ್ಕೋತಾನೆ. ಇಲ್ಲಿಂದ ನಾನು ಪುಸ್ತಕ ಕೆಳಗೆ ಇಡ್ಲಿಲ್ಲ.

ಚರ್ಚಿನ ಗಂಟೆ ಬಾರಿಸೋದು ಅಂದ್ರೆ ಅವನಿಗೆ ಪ್ರಾಣ. ಅದು ತಪ್ಪು ಅನ್ಸೋಕೆ ಶುರುವಾಗುತ್ತೆ, ಬಾರಿಸೋದು ಬಿಟ್ಟು ಬರೀ ನೋಡೋಕೆ ಹೋಗ್ತಾನೆ. ಆಗ ಗಂಟೆ ತಲೆ ಮೇಲೆ ಬಿದ್ರೆ ಅಂತ ಭಯ, ದಪ್ಪ ತೊಲೆ ಕೆಳಗೆ ಹೋಗಿ ನಿಂತ್ಕೋತಾನೆ. ಗಂಟೆ ಗೋಡೆಗೆ ಬಡಿದು ಚಿಮ್ಮಿ ಬಂದ್ರೆ? ಬಾಗಿಲಿಗೆ ಬರ್ತಾನೆ. ಗೋಪುರವೇ ಕುಸಿದ್ರೆ? ಓಡ್ಹೋಗ್ತಾನೆ. ಇದನ್ನ ಓದೋವಾಗ ನನ್ನ ಮೈ ಜುಂ ಅಂತು, ಯಾಕಂದ್ರೆ ನಾನೂ ಮೊದಲು ಚಾಕುನ ಡ್ರಾಯರ್‌ಗೆ ಹಾಕಿದ್ದೆ, ಆಮೇಲೆ ಡ್ರಾಯರ್‌ಗೆ ಟೇಪ್ ಸುತ್ತಿದ್ದೆ, ಆಮೇಲೆ ಅಡುಗೆಮನೆಗೇ ಮಗೂನ ಕರ್ಕೊಂಡು ಹೋಗೋದು ಬಿಟ್ಟಿದ್ದೆ. ಒಂದು ಭಯಕ್ಕೆ ಜಾಗ ಕೊಟ್ರೆ ಅದು ಇನ್ನೊಂದು ಹೆಜ್ಜೆ ಮುಂದೆ ಬಂದು ಕೂರುತ್ತೆ, ಅದನ್ನ ಅವನು ಒಂದು ಗಂಟೆ ಗೋಪುರದಲ್ಲಿ ತೋರಿಸ್ಬಿಟ್ಟಿದಾನೆ.

ಆದ್ರೆ ಪುಸ್ತಕದ ಎದೆಗುಂಡಿಗೆ ಇರೋದು ಮಧ್ಯದಲ್ಲಿ. 'ಮಾರಿಬಿಡು, ಕ್ರಿಸ್ತನನ್ನ ಮಾರಿಬಿಡು' ಅನ್ನೋ ಯೋಚನೆ ಅವನಿಗೆ ಒಂದು ವರ್ಷ ಬೆನ್ನು ಹತ್ತುತ್ತೆ. ಊಟಕ್ಕೆ ಕೂತ್ರೂ ಬರುತ್ತೆ, ಬಿದ್ದ ಗುಂಡುಸೂಜಿ ಎತ್ತೋಕೆ ಬಗ್ಗಿದ್ರೂ ಬರುತ್ತೆ, ಸೌದೆ ಸೀಳೋವಾಗಲೂ ಬರುತ್ತೆ, ಇದಕ್ಕೆ ಮಾರು, ಅದಕ್ಕೆ ಮಾರು, ಮಾರು ಮಾರು ಅಂತ. ಅವನು ಬಾಯಲ್ಲಿ ಇಲ್ಲ ಇಲ್ಲ ಸಾವಿರ ಲೋಕ ಕೊಟ್ರೂ ಇಲ್ಲ ಅಂತಾನೆ, ಅಷ್ಟು ಸಾಲದು ಅಂತ ಕೈಯಿಂದ ಮೊಣಕೈಯಿಂದ ಎದುರಿಗಿರೋ ಯಾರನ್ನೋ ತಳ್ಳೋ ಹಾಗೆ ತಳ್ತಾನೆ. ಅದಕ್ಕೂ ಮುಂಚಿನ ದಿನಗಳಲ್ಲಿ ಬಾಯಿಂದ ದೇವರ ನಿಂದೆ ಎಲ್ಲಿ ಬಂದ್ಬಿಡುತ್ತೋ ಅಂತ ಗದ್ದಕ್ಕೆ ಕೈ ಒತ್ತಿ ಹಿಡ್ಕೊಂಡು ಓಡಾಡಿದಾನೆ. ನಾಯಿ, ಕಪ್ಪೆ ಕಂಡ್ರೂ ಹೊಟ್ಟೆಕಿಚ್ಚು ಪಟ್ಟಿದಾನೆ, ಅವಕ್ಕೆ ನರಕಕ್ಕೆ ಹೋಗೋ ಆತ್ಮ ಇಲ್ವಲ್ಲ ಅಂತ. ಒಂದು ಬೆಳಿಗ್ಗೆ ಹಾಸಿಗೇಲಿ ಮಲಗಿದ್ದಾಗ ಸುಸ್ತಾಗಿ, ಕ್ರಿಸ್ತ ಬೇಕಿದ್ರೆ ಹೋಗ್ಲಿ ಬಿಡು ಅನ್ನೋ ಒಂದು ಯೋಚನೆ ಹಾದು ಹೋಗುತ್ತೆ. ಅಷ್ಟೇ. ಗುಂಡೇಟು ತಿಂದ ಹಕ್ಕಿ ಮರದ ತುದಿಯಿಂದ ಬಿದ್ದ ಹಾಗೆ ಬಿದ್ದೆ ಅಂತ ಬರೀತಾನೆ. ಬೈಬಲ್‌ನ ಏಸಾವ ಒಂದು ಹೊತ್ತಿನ ಊಟಕ್ಕೆ ಚೊಚ್ಚಲತನದ ಹಕ್ಕು ಮಾರಿ ಆಮೇಲೆ ಕಣ್ಣೀರು ಹಾಕಿದ್ರೂ ಸಿಗ್ಲಿಲ್ವಲ್ಲ, ನಾನೂ ಅವನೇ ಅಂತ ಎರಡು ವರ್ಷಕ್ಕೂ ಹೆಚ್ಚು ಒದ್ದಾಡ್ತಾನೆ. ಇದು 1650ರ ದಶಕದ ಮಾತು. ಬೇಡದ ಯೋಚನೆ ಬರೋದೇ ಬೇರೆ, ನಾವು ಅದನ್ನ ಬಯಸೋದೇ ಬೇರೆ ಅಂತ ಈಗ ನನಗೆ ಥೆರಪಿಸ್ಟ್ ಮೊದಲ ದಿನವೇ ಹೇಳಿದ್ರು, ಅವನಿಗೆ ಹೇಳೋರು ಯಾರಿದ್ರು? ಅಮೆರಿಕದ ಮನಶ್ಶಾಸ್ತ್ರಜ್ಞ ವಿಲಿಯಂ ಜೇಮ್ಸ್ 1902ರಲ್ಲಿ ಧಾರ್ಮಿಕ ಅನುಭವಗಳ ಬಗ್ಗೆ ಬರೆದಾಗ ಬನ್ಯನ್‌ನ ಉದಾಹರಣೆ ತಗೊಂಡಿದ್ದು ಸುಮ್ನೆ ಅಲ್ಲ.

ಹೊರಗೆ ಬರೋ ದಾರಿನೂ ಅವನು ಸುಲಭ ಮಾಡಿ ತೋರ್ಸಲ್ಲ, ಅದಕ್ಕೇ ನನಗೆ ಈ ಪುಸ್ತಕದ ಮೇಲೆ ಇಷ್ಟು ನಂಬಿಕೆ. ಒಂದು ವಾಕ್ಯ ಸಿಗುತ್ತೆ, ಎರಡು ದಿನ ನೆಮ್ಮದಿ, ಮತ್ತೆ ಹೋಗುತ್ತೆ. 'ನನ್ನ ಕೃಪೆಯೇ ನಿನಗೆ ಸಾಕು' ಅನ್ನೋ ವಾಕ್ಯ ಅವನಿಗೆ ತುಂಡು ತುಂಡಾಗಿ ಬರುತ್ತೆ, ಕೃಪೆ ಸಾಕು ಅನ್ನೋದು ಕೇಳ್ಸುತ್ತೆ, 'ನಿನಗೆ' ಅನ್ನೋದು ಕೇಳ್ಸಲ್ಲ. ವಾರಗಟ್ಟಲೆ ಆ ಒಂದು ಪದಕ್ಕೆ ಕಾಯ್ತಾನೆ. ಇಂಗ್ಲಿಷ್‌ನಲ್ಲಿ ಆ ಪದ ವಾಕ್ಯದ ಕೊನೇಲಿ ಬರುತ್ತೆ, ಅದಕ್ಕೆ ಅವನು ಬಾಗಿಲಲ್ಲಿ ನಿಂತು ಕಾದ ಹಾಗೆ ಇದೆ; ಕನ್ನಡ ಬೈಬಲ್‌ನಲ್ಲಿ 'ನಿನಗೆ' ನಡುವೆ ಕೂತಿದೆ, ನಾನು ಎರಡನ್ನೂ ಪಕ್ಕಪಕ್ಕ ಇಟ್ಕೊಂಡು ಓದಿ ತುಂಬಾ ಹೊತ್ತು ಸುಮ್ನೆ ಕೂತಿದ್ದೆ. ಇನ್ನೊಂದು ವಾಕ್ಯ, ನನ್ನ ಬಳಿಗೆ ಬರೋನನ್ನ ತಳ್ಳಿಬಿಡಲ್ಲ ಅನ್ನೋದಕ್ಕೆ ಸೈತಾನನೂ ಅವನೂ ಹಗ್ಗಜಗ್ಗಾಟ ಆಡ್ತಾರೆ, ಆ ಕಡೆಯಿಂದ ಅವನು ಎಳೀತಾನೆ ಈ ಕಡೆಯಿಂದ ಇವನು. ದೇವರ ಹೆಸರು ಯಾವುದೇ ಇರ್ಲಿ, ನಂಬಿಕೆ ಅನ್ನೋದು ಹೀಗೆ ಹಲ್ಲು ಕಚ್ಚಿ ಹಿಡ್ಕೊಳ್ಳೋದು ಅಂತ ನನಗೆ ಯಾವ ಪ್ರವಚನದಲ್ಲೂ ಯಾರೂ ತೋರಿಸಿರ್ಲಿಲ್ಲ.

ನಡುವೆ ಒಂದು ಬೆಚ್ಚಗಿನ ಚಿತ್ರ ಇದೆ. ಬೆಡ್‌ಫರ್ಡ್‌ಗೆ ಕೆಲಸಕ್ಕೆ ಹೋದಾಗ ಒಂದು ಮನೆ ಬಾಗಿಲಲ್ಲಿ ಮೂರ್ನಾಲ್ಕು ಬಡ ಹೆಂಗಸರು ಬಿಸಿಲಿಗೆ ಕೂತು ದೇವರ ವಿಷಯ ಮಾತಾಡ್ತಿರ್ತಾರೆ, ಸಂತೋಷವೇ ಅವರನ್ನ ಮಾತಾಡಿಸ್ತಿದೆಯೇನೋ ಅನ್ನೋ ಹಾಗೆ. ನಮ್ಮೂರಲ್ಲಿ ಜಗಲಿ ಮೇಲೆ ಹೆಂಗಸರು ಹೂ ಕಟ್ತಾ ಕೂರ್ತಾರಲ್ಲ, ನನಗೆ ಅದೇ ಕಣ್ಣಿಗೆ ಬಂತು.

ಈಗ ಎಡಿಷನ್ ವಿಷಯ, ದಯವಿಟ್ಟು ಇದನ್ನ ಗಮನ ಇಟ್ಟು ಓದಿ. ಅಜ್ಜಿಗೆ ಪುಸ್ತಕ ವಾಪಸ್ ಕೊಟ್ಮೇಲೆ ನಾನು ಆನ್‌ಲೈನ್‌ನಲ್ಲಿ ಕಡಿಮೆ ಬೆಲೆದು ಅಂತ ಒಂದು ತರಿಸ್ದೆ, ಯಾರು ಪ್ರಿಂಟ್ ಮಾಡಿದ್ದು ಅಂತ ಹೇಳಲ್ಲ, ಅಕ್ಷರ ಸಾಸಿವೆ ಕಾಳಿನಷ್ಟು, ಪ್ಯಾರಾ ನಂಬರ್ ಇಲ್ಲ, ಟಿಪ್ಪಣಿ ಇಲ್ಲ, ಎರಡನೇ ವಾರಕ್ಕೆ ಅಂಟು ಬಿಟ್ಟು ಹಾಳೆಗಳು ಕೈಗೆ ಬಂದ್ವು. ಎಲ್ಲಕ್ಕಿಂತ ದೊಡ್ಡ ನಷ್ಟ ಅಂದ್ರೆ ಅದರಲ್ಲಿ ಜೈಲಿನ ವರದಿ ಇರ್ಲಿಲ್ಲ. 'ಎ ರಿಲೇಷನ್ ಆಫ್ ಮೈ ಇಂಪ್ರಿಸನ್‌ಮೆಂಟ್' ಅನ್ನೋ ಆ ಭಾಗ ಅವನು ಸತ್ತು ಎಷ್ಟೋ ವರ್ಷ ಆದ್ಮೇಲೆ 1765ರಲ್ಲಿ ಪ್ರಕಟ ಆಗಿದ್ದು, ಹಾಗಾಗಿ ಎಲ್ಲಾ ಪ್ರತಿಗಳಲ್ಲೂ ಇರಲ್ಲ. ಪರಿವಿಡಿ ನೋಡಿ, ಅದು ಇದ್ರೆ ಮಾತ್ರ ತಗೊಳ್ಳಿ. ನನಗೆ ಆಮೇಲೆ ಟಿಪ್ಪಣಿ ಎಲ್ಲ ಇರೋ ಒಳ್ಳೆ ಪ್ರತಿ ಸೆಕೆಂಡ್ ಹ್ಯಾಂಡ್ ಅಂಗಡೀಲಿ ನಾಲ್ಕು ಪೌಂಡ್‌ಗೆ ಸಿಕ್ತು. ದುಡ್ಡು ಕೊಡೋಕೆ ಆಗದೇ ಇರೋರಿಗೆ ಗ್ರೇಸ್ ಅಬೌಂಡಿಂಗ್ ಪ್ರಾಜೆಕ್ಟ್ ಗುಟೆನ್‌ಬರ್ಗ್ ಅನ್ನೋ ವೆಬ್‌ಸೈಟಲ್ಲಿ ಉಚಿತವಾಗೇ ಇದೆ.

ಆ ವರದಿ ಯಾಕೆ ಬೇಕು ಅಂದ್ರೆ ಅವನ ಎರಡನೇ ಹೆಂಡತಿ ಎಲಿಜಬೆತ್‌ಗೋಸ್ಕರ. ಸ್ವಲ್ಪ ಇತಿಹಾಸ ಹೇಳ್ಬೇಕು. 1649ರಲ್ಲಿ ರಾಜನ ತಲೆ ಕಡಿದ್ರು, ಆಮೇಲೆ ದೇಶ ಆಳಿದ ಕ್ರಾಮ್‌ವೆಲ್ ಕಾಲದಲ್ಲಿ ಸಣ್ಣಪುಟ್ಟ ಪಂಗಡಗಳಿಗೆಲ್ಲ ಉಸಿರಾಡೋಕೆ ಜಾಗ ಇತ್ತು, ಬನ್ಯನ್ ಕೂಡ ಓದು ಡಿಗ್ರಿ ಏನೂ ಇಲ್ಲದೇ ಬೋಧನೆ ಮಾಡ್ತಿದ್ದ. 1660ರ ಮೇ ತಿಂಗಳಲ್ಲಿ ಆ ರಾಜನ ಮಗ ಎರಡನೇ ಚಾರ್ಲ್ಸ್ ವಾಪಸ್ ಬಂದ, ನವೆಂಬರ್ 12ಕ್ಕೆ ಬನ್ಯನ್‌ನ ಹಿಡಿದ್ರು. ತಪ್ಪು ಏನು ಅಂದ್ರೆ ಸರ್ಕಾರಿ ಚರ್ಚ್ ಬಿಟ್ಟು ಹೊಲದ ಮನೇಲಿ ಜನ ಸೇರಿಸಿ ಪ್ರಾರ್ಥನೆ ಮಾಡಿದ್ದು, ಅದಕ್ಕೆ 1593ರ ಒಂದು ಹಳೇ ಕಾನೂನು. ಹಿಡಿಯೋಕೆ ಬರ್ತಾರೆ ಅಂತ ಮೊದಲೇ ಗೊತ್ತಿತ್ತು, ಹೊರಗೆ ಹೋಗಿ ಒಬ್ಬನೇ ಅಡ್ಡಾಡಿ ಯೋಚಿಸ್ತಾನೆ, ಓಡಿಹೋದ್ರೆ ಹೊಸದಾಗಿ ನಂಬಿದೋರೆಲ್ಲ ಹೆದರ್ತಾರೆ ಅಂತ ಅಲ್ಲೇ ಉಳೀತಾನೆ. ಇನ್ಮೇಲೆ ಬೋಧನೆ ಮಾಡಲ್ಲ ಅಂತ ಒಂದು ಮಾತು ಹೇಳಿದ್ರೆ ಬಿಟ್ಬಿಡ್ತಿದ್ರು. ಹೇಳ್ಲಿಲ್ಲ. ಹೆಚ್ಚುಕಮ್ಮಿ 12 ವರ್ಷ, 1672ರವರೆಗೆ, ಬೆಡ್‌ಫರ್ಡ್ ಜೈಲು.

ಮೊದಲ ಹೆಂಡತಿ ನಾಲ್ಕು ಮಕ್ಕಳನ್ನ ಬಿಟ್ಟು 1658ರಲ್ಲೇ ತೀರ್ಕೊಂಡಿದ್ಲು, ಮಾರನೇ ವರ್ಷ ಎಲಿಜಬೆತ್‌ನ ಮದುವೆ ಆಗಿದ್ದ. ಗಂಡನ್ನ ಹಿಡಿದ ಸುದ್ದಿ ಕೇಳಿದಾಗ ಅವಳು ಚೊಚ್ಚಲ ಬಸುರಿ. ಆಘಾತಕ್ಕೆ ನೋವು ಶುರುವಾಗಿ ಎಂಟು ದಿನ ಒದ್ದಾಡಿ ಹೆತ್ಲು, ಮಗು ಉಳೀಲಿಲ್ಲ. 1661ರ ಆಗಸ್ಟ್‌ನಲ್ಲಿ ಜಡ್ಜ್‌ಗಳು ಬೆಡ್‌ಫರ್ಡ್‌ಗೆ ಬಂದಾಗ ಇದೇ ಹುಡುಗಿ ಒಬ್ಬಳೇ ಹೋಗಿ ಅರ್ಜಿ ಕೊಡ್ತಾಳೆ. ಒಬ್ಬ ಜಡ್ಜ್‌ನ ಕೋಚ್ ಒಳಗೆ ಅರ್ಜಿ ಎಸೀತಾಳೆ, ಅವನು ಗದರಿಸಿ ಕಳಿಸ್ತಾನೆ. ಬಿಡಲ್ಲ, ಸ್ವಾನ್ ಹೋಟೆಲ್‌ನ ಕೋಣೇಲಿ ಜಡ್ಜ್‌ಗಳು, ಊರಿನ ದೊಡ್ಡೋರೆಲ್ಲ ಕೂತಿದ್ದಾಗ ಒಳಗೇ ನುಗ್ತಾಳೆ. ಮನೇಲಿ ನಾಲ್ಕು ಸಣ್ಣ ಮಕ್ಕಳು, ಒಂದಕ್ಕೆ ಕಣ್ಣಿಲ್ಲ, ಒಳ್ಳೇ ಜನ ಕೊಟ್ಟಿದ್ದು ಬಿಟ್ರೆ ಬದುಕೋಕೆ ಬೇರೇನಿಲ್ಲ ಅಂತಾಳೆ. ಇಷ್ಟು ಚಿಕ್ಕವಳಿಗೆ ನಾಲ್ಕು ಮಕ್ಕಳಾ ಅಂತ ಮ್ಯಾಥ್ಯೂ ಹೇಲ್ ಅನ್ನೋ ಜಡ್ಜ್ ಕೇಳಿದ್ರೆ, ನಾನು ಮಲತಾಯಿ, ಮದುವೆ ಆಗಿ ಎರಡು ವರ್ಷ ತುಂಬಿಲ್ಲ ಅಂತಾಳೆ, ಕಳ್ಕೊಂಡ ಮಗು ಬಗ್ಗೆನೂ ಅಷ್ಟು ಗಂಡಸರ ಮುಂದೆ ಹೇಳ್ತಾಳೆ. ಹೇಲ್‌ಗೆ ಅಯ್ಯೋ ಅನ್ಸುತ್ತೆ. ಇನ್ನೊಬ್ಬ ಜಡ್ಜ್ ಟ್ವಿಸ್‌ಡೆನ್, ಬಡತನವನ್ನ ಮುಂದೆ ಮಾಡ್ಕೊಂಡು ಬಂದಿದಾಳೆ ಅಂತ ರೇಗ್ತಾನೆ. ನಿನ್ನ ಗಂಡ ಬೋಧನೆ ಬಿಡ್ತಾನಾ ಅಂದ್ರೆ, ಮಾತಾಡೋಕೆ ಆಗೋವರೆಗೂ ಬಿಡಲ್ಲ ಅಂತ ನೇರ ಉತ್ತರ. ಅವನು ಪಾತ್ರೆ ರಿಪೇರಿಯವನು, ಬಡವ, ಅದಕ್ಕೇ ನ್ಯಾಯ ಸಿಗ್ತಿಲ್ಲ ಅಂತಲೂ ಅಂದ್ಬಿಡ್ತಾಳೆ. ಹೊರಗೆ ಬರೋವಾಗ ಕಣ್ಣಲ್ಲಿ ನೀರು, ಆದ್ರೆ ಅದು ತನಗೋಸ್ಕರ ಅಲ್ಲವಂತೆ, ನಾಳೆ ದೇವರ ಮುಂದೆ ಇವರೆಲ್ಲ ಏನು ಲೆಕ್ಕ ಕೊಡ್ತಾರೋ ಪಾಪ ಅಂತ.

ನಾನು ಈ ಪುಟಗಳನ್ನ ಮಗು ಮಲಗಿಸಿ ತೊಡೆ ಮೇಲೆ ಇಟ್ಕೊಂಡೇ ಓದಿದ್ದು. ಹೆರಿಗೆ ಆಗಿ ವರ್ಷ ತುಂಬದ ಹೆಂಗಸು, ಮಗು ಕಳ್ಕೊಂಡೋಳು, ತಾನು ಹೆರದ ನಾಲ್ಕು ಮಕ್ಕಳಿಗೋಸ್ಕರ ಹಾಗೆ ನಿಂತಿದಾಳೆ. ಇಡೀ ಪುಸ್ತಕದಲ್ಲಿ ಬನ್ಯನ್ ತನ್ನ ಮನಸ್ಸಿನ ಒಳಗೇ ಸುತ್ತುತ್ತಾನೆ, ಇಲ್ಲಿ ಮಾತ್ರ ಅದಕ್ಕೆ ಮನೇಲಿ ಯಾರು ಬೆಲೆ ತೆತ್ತರು ಅಂತ ಕಾಣುತ್ತೆ. ಅದು ಅವನಿಗೂ ಗೊತ್ತಿತ್ತು. ಹೆಂಡತಿ ಮಕ್ಕಳನ್ನ ಬಿಟ್ಟಿರೋದು ಮೂಳೆಯಿಂದ ಮಾಂಸ ಕೀಳೋ ಹಾಗಿದೆ ಅಂತ ಬರೀತಾನೆ, ಕಣ್ಣಿಲ್ಲದ ಮಗಳೇ ಎಲ್ಲಕ್ಕಿಂತ ಎದೆಗೆ ಹತ್ತಿರ, ಅವಳಿಗೆ ಗಾಳಿ ಸೋಕಿದ್ರೂ ತಡ್ಕೊಳ್ಳೋಕೆ ಆಗಲ್ಲ, ಈಗ ಅವಳು ಹಸಿವು ಚಳಿ ಭಿಕ್ಷೆ ಎಲ್ಲ ನೋಡ್ಬೇಕಲ್ಲ ಅಂತ. ಜೈಲಲ್ಲಿ ಕೂತು ಲೇಸ್‌ಗಳಿಗೆ ತುದಿ ಕಟ್ಟಿ ಮಾರಿ ಮನೆಗೆ ಕಳಿಸ್ತಿದ್ದ. ಹಾಗಿದ್ರೂ ಒಂದು ಮಾತು ಹೇಳಿ ಹೊರಗೆ ಬರ್ಲಿಲ್ಲ. ಅವನು ಮಾಡಿದ್ದು ಸರೀನಾ? ನಾನು ಎಷ್ಟು ಸಲ ಓದಿದ್ರೂ ಎಲಿಜಬೆತ್ ಪಕ್ಕಕ್ಕೇ ಹೋಗಿ ನಿಂತ್ಕೋತೀನಿ, ಆದ್ರೆ ಅವಳು ಅವನ ಪಕ್ಕ ನಿಂತಿದಾಳೆ.

ಕೆಲವು ಎಡಿಷನ್‌ಗಳಲ್ಲಿ ಬನ್ಯನ್ ಸಭೆಗೆ ಸೇರಿದ್ದ ಆಗ್ನೆಸ್ ಬ್ಯೂಮಾಂಟ್ ಅನ್ನೋಳು ಬರೆದಿರೋ ತನ್ನ ಚಿಕ್ಕ ಕಥೆನೂ ಸೇರಿರುತ್ತೆ, ಸಿಕ್ರೆ ಬಿಡ್ಬೇಡಿ. 1674ರ ಚಳಿಗಾಲದಲ್ಲಿ ಸಭೆಗೆ ಹೋಗೋಕೆ ಬನ್ಯನ್ ಕುದುರೆ ಹಿಂದೆ ಕೂತು ಹೋದ್ಲು ಅಂತ ಅಪ್ಪ ಮನೆ ಬಾಗಿಲು ಹಾಕ್ಬಿಡ್ತಾನೆ, ಕೊಟ್ಟಿಗೇಲಿ ರಾತ್ರಿ ಕಳೀತಾಳೆ. ರಾಜಿ ಆಗಿ ಒಳಗೆ ಬಂದ ಸ್ವಲ್ಪ ದಿನಕ್ಕೇ ಅಪ್ಪ ಸಾಯ್ತಾನೆ, ಮಗಳೇ ವಿಷ ಹಾಕಿದ್ಲು ಅಂತ ಊರಲ್ಲಿ ಸುದ್ದಿ ಹಬ್ಬುತ್ತೆ, ವಿಚಾರಣೇಲಿ ತಪ್ಪಿಲ್ಲ ಅಂತ ಬಿಡ್ತಾರೆ. ಅಪ್ಪನ ಮೇಲೆ ಅವಳಿಗೆ ಸಿಟ್ಟಿಲ್ಲ, ಪ್ರೀತಿನೇ ಇದೆ.

'ಪಿಲ್ಗ್ರಿಮ್ಸ್ ಪ್ರೋಗ್ರೆಸ್' (1678) ಇದಾದ್ಮೇಲೆ ಓದಿ. ಅನುಮಾನದ ಕೋಟೆ, ಹತಾಶೆ ಅನ್ನೋ ರಾಕ್ಷಸ, ಕಾಲು ಹೂತುಹೋಗೋ ಕೆಸರು, ಇವೆಲ್ಲ ಕಟ್ಟುಕಥೆ ಅನ್ಸಲ್ಲ, ಒಂದೊಂದೂ ಎಲ್ಲಿಂದ ಬಂತು ಅಂತ ಗೊತ್ತಾಗುತ್ತೆ. ಶುರುವಲ್ಲೇ ಕ್ರಿಶ್ಚಿಯನ್ ಅನ್ನೋ ಹೆಸರಿನ ಕಥಾನಾಯಕ, ಹೆಂಡತಿ ಮಕ್ಕಳು ಕೂಗ್ತಿದ್ರೂ ಕಿವೀಲಿ ಬೆರಳಿಟ್ಕೊಂಡು ಓಡ್ತಾನಲ್ಲ, ಆ ಜಾಗದಲ್ಲಿ ನನಗೆ ಗಂಟಲು ಕಟ್ತು. 1684ರ ಎರಡನೇ ಭಾಗದಲ್ಲಿ ಅದೇ ಹೆಂಡತಿ ಮಕ್ಕಳನ್ನ ಕರ್ಕೊಂಡು ಅದೇ ದಾರೀಲಿ ಹೊರಡ್ತಾಳೆ, ಜನ ಮೊದಲನೇ ಭಾಗ ಮಾತ್ರ ಓದಿ ಬಿಟ್ಬಿಡ್ತಾರೆ, ಹಾಗೆ ಮಾಡ್ಬೇಡಿ.

ಕಷ್ಟಗಳೂ ಇವೆ. ಇಂಗ್ಲಿಷ್ ಹಳೇದು, ಬೈಬಲ್ ವಾಕ್ಯಗಳು ಹೆಜ್ಜೆಹೆಜ್ಜೆಗೂ ಬರ್ತವೆ, ಗೊತ್ತಿಲ್ಲದೋರಿಗೆ ಟಿಪ್ಪಣಿ ಇಲ್ಲದೇ ಆಗಲ್ಲ. ಏಸಾವನ ಭಾಗ ಒಂದೇ ಕಡೆ ಸುತ್ತುತ್ತೆ, ಬೇಡದ ಯೋಚನೆ ಬೆನ್ನು ಹತ್ತೋ ಆ ಕಾಯಿಲೆಯ ಸ್ವಭಾವನೇ ಅದು. ಇನ್ನೊಂದು, ನೀವು ಈಗಲೇ ಅಂಥ ಯೋಚನೆಗಳ ನಡುವೆ ಇದ್ರೆ ಆ ಭಾಗವನ್ನ ರಾತ್ರಿ ಒಬ್ಬರೇ ಓದ್ಬೇಡಿ, ಮೊದಲು ಡಾಕ್ಟರ್‌ಗೆ ಹೇಳಿ, ಮನೇಲಿ ಒಬ್ಬರಿಗಾದ್ರೂ ಹೇಳಿ. ನನಗೆ ಹೇಳಿದ್ಮೇಲೇ ಓದೋಕೆ ಧೈರ್ಯ ಬಂದಿದ್ದು.

ಮಗಳಿಗೆ ಎರಡು ವರ್ಷ ತುಂಬಿದ್ಮೇಲೆ ಬ್ಲೆಚ್ಲಿಯಿಂದ ಪುಟ್ಟ ಟ್ರೈನಲ್ಲಿ ಬೆಡ್‌ಫರ್ಡ್‌ಗೆ ಹೋಗಿದ್ವಿ. ಮಿಲ್ ಸ್ಟ್ರೀಟ್‌ನಲ್ಲಿ ಅವನ ಮ್ಯೂಸಿಯಂ ಇದೆ, ಅವನು ಹೊತ್ತು ತಿರುಗ್ತಿದ್ದ ಅಡೆಗಲ್ಲಿನ ಮೇಲೆ ಹೆಸರು, 1647 ಅಂತ ಕೆತ್ತಿದೆ, ಲೋಹದಲ್ಲೇ ಮಾಡ್ಕೊಂಡ ಪಿಟೀಲಿದೆ. ಅಲ್ಲಿಂದ ಎಲ್‌ಸ್ಟೋಗೆ ಹೋದ್ವಿ. ಗಂಟೆ ಗೋಪುರ ಚರ್ಚಿಗೆ ಅಂಟಿಕೊಳ್ಳದೇ ಬೇರೆಯಾಗೇ ನಿಂತಿದೆ, ನಾನು ಅದರ ಬಾಗಿಲ ಹತ್ರ ನಿಂತು ತಲೆ ಎತ್ತಿ ನೋಡ್ದೆ. ಮಗಳು ಕೈ ಬಿಡಿಸ್ಕೊಂಡು ಮೈದಾನದ ಕಡೆ ಓಡಿದ್ಲು, ಅವಳನ್ನ ಎತ್ಕೊಂಡು ಅಲ್ಲಿದ್ದ ಮೆಟ್ಟಿಲು ಇಳಿದು ಬಂದೆ, ಇಳಿದಾದ್ಮೇಲೆ ನೆನಪಾಯ್ತು, ಏನೂ ಅನ್ಸಿರ್ಲಿಲ್ಲ.